ಶುಕ್ರವಾರದ ಪೇಪರಿನವಳು

ಹೋದ ತಿಂಗಳು ಪತ್ರಿಕೋದ್ಯಮ ಓದುತ್ತಿರುವ ನಾಲ್ಕು ಜನ ಹುಡುಗಿಯರು ಹಾಸನದಿಂದ ನಮ್ಮ ಮನೆಗೆ ಬಂದಿದ್ದರು. ಅರಸೀಕೆರೆಯಿಂದ ಹೊರಡುವ ನಮ್ಮ ವಾರಪತ್ರಿಕೆಯ ಬಗ್ಗೆ ಏನೋ ಬರೆಯಬೇಕಂತೆ. ಕಾಫಿ ಕುಡಿದಾದ ಮೇಲೆ ಒಬ್ಬಳು ಮೊಬೈಲನ್ನು ನನ್ನ ಮುಂದೆ ಇಟ್ಟು, "ಮೇಡಂ, ನೀವು ಒಟ್ಟು ಎಷ್ಟು ಸ್ಟೋರಿ ಬ್ರೇಕ್ ಮಾಡಿದೀರಾ?" ಎಂದು ಕೇಳಿದಳು.

"ನಾನು ಬ್ರೇಕ್ ಮಾಡಿಕೊಂಡಿದ್ದು ಎಡಗೈ ಒಂದನ್ನೇ ಕಣ್ರಮ್ಮ, ಅದೂ ಬಸ್ಸಿನಿಂದ ಬಿದ್ದು" ಎಂದೆ. ಎಲ್ಲರೂ ನಕ್ಕರು. ಅವರು ಹೋದ ಮೇಲೆ ನನಗೇ ಬೇಜಾರಾಯಿತು. ಈ ಕೆಲಸಕ್ಕೆ ಬರಬೇಕೆಂದು ಆಸೆಪಟ್ಟು ಕೇಳಿದವರಿಗೆ ತಮಾಷೆ ಮಾಡಿ ಕಳಿಸಿದ್ದು ಸರಿಯಲ್ಲ. ಅದಕ್ಕೇ ಬರೆಯಲು ಕೂತಿದ್ದೇನೆ. ನಾನು ಯಾವಾಗ ಉಪಸಂಪಾದಕಿಯಾದೆ, ಯಾವಾಗ ಸಂಪಾದಕಿಯಾದೆ ಎನ್ನುವುದೆಲ್ಲ ಬೇಡ. ಐದು ಜನರಿದ್ದ ಕಚೇರಿಯಲ್ಲಿ ಕುರ್ಚಿ ಎರಡು ಮಾರು ಕಿಟಕಿಯ ಕಡೆ ಸರಿದರೆ ಅದೇ ಬಡ್ತಿ.

ಕೆಲಸಕ್ಕೆ ಸೇರಿದ್ದು ಕರಡಚ್ಚು ತಿದ್ದುವುದಕ್ಕೆ. ನಮ್ಮಪ್ಪ ಹೈಸ್ಕೂಲಿನಲ್ಲಿ ಗುಮಾಸ್ತರು. ಪಿಯುಸಿ ಮುಗಿಸಿ ಮನೆಯಲ್ಲಿದ್ದ ಮಗಳನ್ನು ಸಿದ್ಧಲಿಂಗಪ್ಪನವರ ಮುಂದೆ ನಿಲ್ಲಿಸಿ, "ಕಾಗುಣಿತ ತಪ್ಪೋದಿಲ್ಲ ಸಾರ್" ಎಂದರು. ಅದೊಂದೇ ನನ್ನ ಅರ್ಹತೆ. ಸಿದ್ಧಲಿಂಗಪ್ಪನವರದು ಕೊಬ್ಬರಿ ವ್ಯಾಪಾರದ ಮನೆತನ. ಅಣ್ಣಂದಿರು ಮಂಡಿ ನೋಡಿಕೊಂಡರೆ, ಇವರು ಮಂಡಿಯ ಹಿಂದಿನ ಎರಡು ಕೋಣೆ ಬಿಡಿಸಿಕೊಂಡು ಅಚ್ಚಿನ ಯಂತ್ರ ತಂದು ಕೂರಿಸಿದ್ದರು. ಹಣೆಯ ತುಂಬ ವಿಭೂತಿ, ಜೇಬಿನಲ್ಲಿ ಕೆಂಪು ಶಾಯಿಯ ಪೆನ್ನು. ಗಟ್ಟಿಯಾಗಿ ಮಾತಾಡಿದ್ದನ್ನು ನಾನು ಕೇಳಿಲ್ಲ. ಪತ್ರಿಕೆಗೆ ಅವರು ಒಳ್ಳೆಯ ಸಂಸ್ಕೃತದ ಹೆಸರೇ ಇಟ್ಟಿದ್ದರು. ಶುಕ್ರವಾರ ಬರುತ್ತಿದ್ದುದರಿಂದ ಬಾಣಾವರದಿಂದ ಬೇಲೂರಿನವರೆಗೆ ಜನ ಅದನ್ನು 'ಶುಕ್ರವಾರದ ಪೇಪರ್' ಎಂದೇ ಕರೆದರು. ನಾನು ಶುಕ್ರವಾರದ ಪೇಪರಿನವಳಾದೆ.

ಅಚ್ಚುಮೊಳೆ ಜೋಡಿಸುತ್ತಿದ್ದವರು ಗೌಸ್ ಸಾಹೇಬರು. ಸೀಸದ ಅಕ್ಷರಗಳು ಕನ್ನಡಿಯೊಳಗಿನ ಹಾಗೆ ತಿರುಗಿರುತ್ತವೆ. ಅವರು ಅದನ್ನೇ ಸರಾಗವಾಗಿ ಓದುತ್ತಿದ್ದರು. ಅಚ್ಚಾದ ಪೇಪರ್ ಕೈಗೆ ಕೊಟ್ಟರೆ ತಡವರಿಸುತ್ತಿದ್ದರು. ಒತ್ತಕ್ಷರಗಳಿಗೆ ಬೇರೆ ಪೆಟ್ಟಿಗೆ. "ಕೈ ಅಲ್ಲಿಗೆ ಹೋಗಿ ಬರೋ ಹೊತ್ತಿಗೆ, ಬರೆದಿದ್ದು ಸರಿನೋ ತಪ್ಪೋ ಅಂತ ಯೋಚನೆ ಮಾಡೋಕೆ ಟೈಮ್ ಸಿಕ್ತದೆ ಲಲಿತಮ್ಮ" ಎನ್ನುತ್ತಿದ್ದರು. ಆ ಟೈಮ್ ಅವರಿಗೆ ಸಿಗುತ್ತಿತ್ತು. ಒಂದು ಸಲ ನಾನು ಯೋಚನೆ ಮಾಡಲಿಲ್ಲ.

ಸುದ್ದಿ ಬರೆಯಲು ಶುರುಮಾಡಿ ಎರಡನೇ ವರ್ಷ. ಒಂದು ಗುರುವಾರ ಮಧ್ಯಾಹ್ನ, ಮೊದಲ ಪುಟ ಕಟ್ಟುವ ಹೊತ್ತಿಗೆ, ಪರಿಚಯದವರೊಬ್ಬರು ಫೋನ್ ಮಾಡಿದರು. "ಪರೀಕ್ಷೆಯಲ್ಲಿ ಕಾಪಿ ಹೊಡೆಸಿದ್ದಕ್ಕೆ ಬಸವರಾಜು ಅನ್ನೋ ಮೇಷ್ಟ್ರನ್ನ ಸಸ್ಪೆಂಡ್ ಮಾಡವ್ರೆ." ಅಷ್ಟೇ ಹೇಳಿ ಇಟ್ಟರು. ಊರು ಹೇಳಲಿಲ್ಲ, ನಾನೂ ಕೇಳಲಿಲ್ಲ. ಜಾವಗಲ್‌ನಿಂದ ಮೂರು ಮೈಲಿ ಒಳಗಿನ ಹಳ್ಳಿಯೊಂದರಲ್ಲಿ ಬಸವರಾಜು ಎಂಬ ಮೇಷ್ಟ್ರಿರುವುದು ನನಗೆ ಗೊತ್ತಿತ್ತು. ಆ ಹಳ್ಳಿಯ ಹೆಸರನ್ನು ನಾನೇ ಸೇರಿಸಿದೆ. ಯಾರೂ ಹೇಳದ ಒಂದು ಪದ. ಗೌಸ್ ಸಾಹೇಬರು ದಪ್ಪ ಅಕ್ಷರದಲ್ಲಿ ತಲೆಬರಹ ಜೋಡಿಸಿದರು. ಕರಡಚ್ಚಿನಲ್ಲಿ ಒಂದೂ ಕಾಗುಣಿತದ ತಪ್ಪಿರಲಿಲ್ಲ. ನನಗೆ ಹೆಮ್ಮೆಯಾಗಿತ್ತು.

ಶುಕ್ರವಾರ ಹನ್ನೆರಡು ಗಂಟೆಗೆ ಒಬ್ಬ ಹೆಂಗಸು ಕಚೇರಿಯ ಬಾಗಿಲಲ್ಲಿ ನಿಂತಿದ್ದರು. ಕೈಯಲ್ಲಿ ನಮ್ಮ ಪೇಪರ್.

"ಈ ಬಸವರಾಜು ಮೇಷ್ಟ್ರು ನಮ್ಮ ಯಜಮಾನ್ರು" ಎಂದರು. "ಬೆಳಿಗ್ಗೆ ನನ್ನ ಕೈಲಿ ಬುತ್ತಿ ಕಟ್ಟಿಸ್ಕಂಡು ಸ್ಕೂಲಿಗೆ ಹೋದ್ರು. ಸಸ್ಪೆಂಡ್ ಆಗಿರೋರು ಬುತ್ತಿ ತಗಂಡು ಎಲ್ಲಿಗೆ ಹೋಗಿರ್ತಾರೆ? ನೀವೇ ಹೇಳ್ರಿ."

ಸಿದ್ಧಲಿಂಗಪ್ಪನವರು ಎದ್ದು ಅವರಿಗೆ ತಮ್ಮ ಕುರ್ಚಿ ಕೊಟ್ಟರು. ಅಲ್ಲೇ ನಿಂತು ಎರಡು ಫೋನ್ ಮಾಡಿದರು. ಸಸ್ಪೆಂಡ್ ಆದವರು ಬೇರೆ ಬಸವರಾಜು, ಬೇರೆ ತಾಲೂಕಿನವರು. ಫೋನ್ ಇಟ್ಟು ನನ್ನ ಕಡೆ ತಿರುಗಿದರು.

"ಊರಿನ ಹೆಸರು ಫೋನಿನಲ್ಲಿ ಹೇಳಿದ್ರಾ?"

"ಇಲ್ಲ ಸಾರ್. ನಾನು ಸೇರಿಸಿದೆ."

ಆ ಹೆಂಗಸು ನನ್ನನ್ನು ನೋಡಿದರು. ಬೈಯಲಿಲ್ಲ. ಬೈದಿದ್ದರೆ ಅಳಬಹುದಿತ್ತು. ಅವರು ಹೋದ ಮೇಲೆ ಒಂದು ಹಾಳೆ ತೆಗೆದುಕೊಂಡು ರಾಜೀನಾಮೆ ಬರೆದೆ. ಸಿದ್ಧಲಿಂಗಪ್ಪನವರು ಅದನ್ನು ಓದಿ, ಕೆಂಪು ಪೆನ್ನಿನಲ್ಲಿ ಒಂದು ದೀರ್ಘ ತಿದ್ದಿ, ವಾಪಸು ಕೊಟ್ಟರು.

"ನೀನು ಮನೆಗೆ ಹೋದ್ರೆ ಅವರ ಹೆಸರು ಸರಿಹೋಗುತ್ತಾ? ಮುಂದಿನ ವಾರ ಅದೇ ಜಾಗದಲ್ಲಿ, ಅದೇ ಅಕ್ಷರದಲ್ಲಿ ತಪ್ಪೊಪ್ಪಿಗೆ ಹಾಕ್ತೀವಿ. ಅದು ನನ್ನ ಕೆಲಸ. ನಾಳೆ ಬೆಳಿಗ್ಗೆ ಜಾವಗಲ್ ಬಸ್ಸು ಹತ್ತು. ಅದು ನಿನ್ನ ಕೆಲಸ."

ಶನಿವಾರ ಬೆಳಗಿನ ಶಾಲೆ. ನಾನು ಹೋದಾಗ ಬಸವರಾಜು ಮೇಷ್ಟ್ರು ಭಾಗಾಕಾರ ಹೇಳಿಕೊಡುತ್ತಿದ್ದರು. ಹೊರಗಿನ ಗೋಡೆಯ ಮೇಲೆ ಯಾರೋ ಇದ್ದಿಲಿನಲ್ಲಿ 'ಸಸ್ಪೆಂಡ್' ಎಂದು ಬರೆದಿದ್ದರು, ಸೊನ್ನೆ ಬಿಟ್ಟುಹೋಗಿತ್ತು. ನಾನು ಯಾರೆಂದು ಹೇಳಿಕೊಂಡೆ. ತಪ್ಪಾಯಿತು, ಮುಂದಿನ ಶುಕ್ರವಾರ ತಿದ್ದುಪಡಿ ಬರುತ್ತದೆ ಎಂದೆ. ಅವರು ಸೀಮೆಸುಣ್ಣ ಕೆಳಗಿಟ್ಟರು.

"ಶುಕ್ರವಾರಕ್ಕೆ ಇನ್ನೂ ಆರು ದಿನ ಇದೆಯಮ್ಮ. ಅಲ್ಲಿವರೆಗೆ ನಾನು ದಿನಾ ಈ ಮಕ್ಕಳ ಮುಂದೆ ನಿಲ್ಲಬೇಕು. ಅವರಿಗೆ ನೀವೇ ಹೇಳಿ."

ಮಕ್ಕಳ ಮುಂದೆ ನಿಂತು ಹೇಳಿದೆ. "ನಿಮ್ಮ ಮೇಷ್ಟ್ರು ಯಾವ ತಪ್ಪೂ ಮಾಡಿಲ್ಲ. ಪೇಪರಿನಲ್ಲಿ ಬಂದಿದ್ದು ಸುಳ್ಳು. ಬರೆದವಳು ನಾನು." ಮುಂದಿನ ಸಾಲಿನ ಒಬ್ಬ ಹುಡುಗಿ, "ಯಾಕೆ ಬರೆದ್ರಿ?" ಎಂದಳು. "ಕೇಳದೆ ಬರೆದೆ" ಎಂದೆ.

ಮುಗಿಯಿತು ಎಂದುಕೊಂಡು ಹೊರಟರೆ ಮೇಷ್ಟ್ರು ಹಿಂದೆಯೇ ಬಂದರು. "ನಮ್ಮೂರಿಗೆ ನಿಮ್ಮ ಪೇಪರ್ ಒಂಬತ್ತು ಬರುತ್ತೆ" ಎಂದು ಒಂಬತ್ತು ಕಡೆಯ ಹೆಸರು ಹೇಳಿದರು. ಹಾಲಿನ ಡೇರಿ, ಕ್ಷೌರದಂಗಡಿ, ಪಟೇಲರ ಮನೆ, ಹೋಟೆಲು, ಹೀಗೆ. ಒಂಬತ್ತು ಬಾಗಿಲಿಗೂ ಹೋಗಿ ಅದನ್ನೇ ಹೇಳಿದೆ. ಕ್ಷೌರದಂಗಡಿಯಲ್ಲಿ ಅರ್ಧ ಗಡ್ಡ ಹೆರೆಸಿಕೊಂಡಿದ್ದ ಒಬ್ಬರು, "ಪೇಪರ್ನಾಗೆ ಬಂದಿದ್ದೂ ಸುಳ್ಳಾಯ್ತದಾ?" ಎಂದು ನಿಜವಾಗಿಯೇ ಆಶ್ಚರ್ಯಪಟ್ಟು ಕೇಳಿದರು. ಆ ಪ್ರಶ್ನೆ ನನಗೆ ಮೇಷ್ಟ್ರ ಮಾತಿಗಿಂತ ಜೋರಾಗಿ ತಾಗಿತು. ಆ ಮನುಷ್ಯ ಅಲ್ಲಿಯವರೆಗೆ ನಾವು ಅಚ್ಚು ಹಾಕಿದ್ದನ್ನೆಲ್ಲ ನಂಬಿದ್ದರು.

ಬಸವರಾಜು ಮೇಷ್ಟ್ರು ನನ್ನನ್ನು ಕ್ಷಮಿಸಿದರೇ ಎಂದು ಹಾಸನದ ಆ ಹುಡುಗಿಯರಾದರೆ ಕೇಳುತ್ತಿದ್ದರು. ಗೊತ್ತಿಲ್ಲ. ಮುಂದೆ ಎಷ್ಟೋ ಸಲ ಜಾವಗಲ್ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕರು. ತಲೆಯಾಡಿಸುತ್ತಿದ್ದರು, ನಿಂತು ಮಾತಾಡಲಿಲ್ಲ. ಅದು ಅವರ ಹಕ್ಕು.

ಇದಾದ ಮೇಲೆ ಸಿದ್ಧಲಿಂಗಪ್ಪನವರು ಒಂದು ನಿಯಮ ಮಾಡಿದರು. ಹೋಗಿ ನೋಡದೆ ಬರೆಯುವಂತಿಲ್ಲ. ಕೇಳಲು ಸುಲಭ. ಹಳೇಬೀಡಿನ ಆಚೆಗಿನ ಹಳ್ಳಿಯೊಂದರ ನೀರಿನ ಟ್ಯಾಂಕಿನ ವಿಷಯದಲ್ಲಿ ಅದು ಎಷ್ಟು ಕಷ್ಟ ಎಂದು ತಿಳಿಯಿತು.

ಆ ಹಳ್ಳಿಯಲ್ಲಿ ಟ್ಯಾಂಕು ಕಟ್ಟಿ, ನಲ್ಲಿ ಹಾಕಿ, ಹಾರ ಹಾಕಿ ಉದ್ಘಾಟನೆಯನ್ನೂ ಮಾಡಿದ್ದರು. ನೀರು ಮಾತ್ರ ಬರಲಿಲ್ಲ. ಹೆಂಗಸರು ಹಿಂದಿನ ಹಾಗೇ ತೋಟದ ಬಾವಿಗೆ ಒಂದೂವರೆ ಮೈಲಿ ಹೋಗಿ ಬರುತ್ತಿದ್ದರು. ನಾನು ಹೋಗಿ ನೋಡಿ ಬರೆದೆ, ಟ್ಯಾಂಕಿನ ಫೋಟೋವನ್ನೂ ಹಾಕಿದೆವು. ಏನೂ ಆಗಲಿಲ್ಲ. ಮುಂದಿನ ವಾರ ಸಿದ್ಧಲಿಂಗಪ್ಪನವರು ಆ ಫೋಟೋ ಅಚ್ಚಿಗೆಂದು ಮಾಡಿಸಿದ್ದ ಅದೇ ಸತುವಿನ ಬ್ಲಾಕನ್ನು ಮೊದಲ ಪುಟದ ಬಲಮೂಲೆಯಲ್ಲಿ ಮತ್ತೆ ಇಡಿಸಿ, ಕೆಳಗೆ ಒಂದೇ ಸಾಲು ಹಾಕಿಸಿದರು: 'ಈ ವಾರವೂ ನೀರು ಬಂದಿಲ್ಲ.' ಅದರ ಮುಂದಿನ ವಾರವೂ ಅದೇ. ನೀರು ಬರುವವರೆಗೂ ಇದು ಇಲ್ಲೇ ಇರುತ್ತದೆ ಎಂದರು.

"ಹಾಗಾದ್ರೆ ಆ ಸಾಲಿನ ಮೊಳೆ ಬಿಚ್ಚೋದು ಬೇಡ" ಎಂದರು ಗೌಸ್ ಸಾಹೇಬರು, ಕೆಲಸ ಒಂದು ಕಡಿಮೆಯಾಯಿತೆಂದು.

"ಬಿಚ್ಚಬೇಡಿ. ಆದರೆ ಲಲಿತಾ ಪ್ರತಿ ಬುಧವಾರ ಹೋಗಿ ನಲ್ಲಿ ತಿರುಗಿಸಿ ನೋಡಿಬರಬೇಕು. ಅವಳು ಬಂದು ಹೇಳದೆ ಈ ಸಾಲು ಅಚ್ಚಿಗೆ ಹೋಗಬಾರದು."

ಹೀಗೆ ನನ್ನ ಬುಧವಾರಗಳು ಶುರುವಾದವು. ಅರಸೀಕೆರೆಯಿಂದ ಜಾವಗಲ್ ಮೇಲೆ ಹಳೇಬೀಡು, ಅಲ್ಲಿ ಇಳಿದು ಎರಡು ಮೈಲಿ ನಡಿಗೆ. ಹಳೇಬೀಡಿನಲ್ಲಿ ಇಳಿದ ತಕ್ಷಣ ಗೈಡುಗಳು ಸುತ್ತಿಕೊಳ್ಳುತ್ತಿದ್ದರು. "ದೇವಸ್ಥಾನ ತೋರಿಸ್ಲಾ ಅಮ್ಮಾ?" "ಬೇಡಪ್ಪಾ, ನಾನು ನಲ್ಲಿ ನೋಡೋಕೆ ಬಂದಿರೋದು." ನಾಲ್ಕನೇ ವಾರದ ಹೊತ್ತಿಗೆ ಅವರೇ, "ನಲ್ಲಿ ಮೇಡಂ ಬಂದ್ರು" ಎಂದು ದಾರಿ ಬಿಡತೊಡಗಿದರು.

ಹಳ್ಳಿಯಲ್ಲಿ ದೇವೀರಮ್ಮ ಎಂಬ ಹಿರಿಯ ಹೆಂಗಸಿದ್ದಳು. ನಲ್ಲಿ ಇದ್ದದ್ದು ಅವಳ ಮನೆಯ ಮುಂದೆ. ನಾನು ಹೋಗಿ ನಲ್ಲಿ ತಿರುಗಿಸುವುದು, ಅದು ಒಂದು ಸಲ ಉಸಿರು ಬಿಟ್ಟು ಸುಮ್ಮನಾಗುವುದು, ಅವಳು ಜಗಲಿಯಿಂದ, "ಬರ್ನಿಲ್ವಾ? ಬಾ, ಮಜ್ಜಿಗೆ ಕುಡ್ದು ಹೋಗು" ಎನ್ನುವುದು. ಆ ಮಜ್ಜಿಗೆಗೆ ಬೆರೆಸಿದ ನೀರು ಒಂದೂವರೆ ಮೈಲಿಯಿಂದ ಹೊತ್ತು ತಂದದ್ದು. ಕುಡಿಯುವಾಗ ಪ್ರತಿ ಸಲವೂ ನೆನಪಾಗುತ್ತಿತ್ತು.

ಓದುಗರಿಗೆ ಬೇಸರ ಬಂತು. ಸಿದ್ಧಲಿಂಗಪ್ಪನವರ ಅಣ್ಣಂದಿರೇ ಮಂಡಿಯಿಂದ ಬಂದು, "ಏನ್ಲಾ ಇದು, ಮೊದಲ ಪುಟಕ್ಕೆ ಬೇರೇನೂ ಸಿಗದಿಲ್ವಾ?" ಎಂದರು. ಟ್ಯಾಂಕು ಕಟ್ಟಿಸಿದ ಕಂಟ್ರಾಕ್ಟರು ಒಂದು ದಿನ ಕಚೇರಿಗೇ ಬಂದ. ಮೊದಲು ನಯವಾಗಿ ಮಾತಾಡಿದ, ಆಮೇಲೆ ದನಿ ಏರಿಸಿದ. "ಒಂದೇ ಒಂದು ವಾರ ಸುಳ್ಳು ಬರೀರಿ ನೋಡೋಣ. ಕೋರ್ಟಿಗೆ ಎಳೆದು ಈ ಪೇಪರ್ ಬಾಗಿಲು ಹಾಕಿಸ್ತೀನಿ."

"ನೀರು ಬಂದ ದಿನ ತೆಗೀತೀವಿ ಕಣಪ್ಪ" ಎಂದರು ಸಿದ್ಧಲಿಂಗಪ್ಪನವರು. ಅಷ್ಟೇ.

ಹದಿನಾರನೇ ಬುಧವಾರ ವಾಪಸು ಬರುವಾಗ ಬಸ್ಸು ತುಂಬಿತ್ತು. ಫುಟ್‌ಬೋರ್ಡಿನ ಮೇಲೆ ಕಾಲು ಇಡುವಷ್ಟರಲ್ಲಿ ಬಸ್ಸು ಹೊರಟಿತು. ಬಿದ್ದೆ. ಎಡಗೈ ಮೂಳೆ ಮುರಿದು ಪ್ಲಾಸ್ಟರ್ ಹಾಕಿದರು. ಮುಂದಿನ ಮಂಗಳವಾರ ಸಿದ್ಧಲಿಂಗಪ್ಪನವರು ಮನೆಗೆ ಬಂದು ಅಪ್ಪನ ಎದುರಿಗೇ ಹೇಳಿದರು: "ಈ ವಾರ ಬೇಡಮ್ಮ. ಹದಿನಾರು ವಾರ ಬಾರದ ನೀರು ನಾಳೆ ಬಂದುಬಿಡುತ್ತಾ?"

ನನಗೆ ಆ ಒಂಬತ್ತು ಬಾಗಿಲು ಕಣ್ಣ ಮುಂದೆ ಬಂದವು. "ಹೋಗಿ ನೋಡದೆ ಹಾಕಬಾರದು ಅಂದಿದ್ದು ನೀವೇ ಸಾರ್. ಮುರಿದಿರೋದು ಎಡಗೈ. ನಲ್ಲಿ ಬಲಗೈಲಿ ತಿರುಗಿಸ್ತೀನಿ."

"ಹಾಗಾದ್ರೆ ನಾನೂ ಬರ್ತೀನಿ" ಎಂದರು ಅವರು.

ಬುಧವಾರ ಇಬ್ಬರೂ ಹೋದೆವು. ಹಳೇಬೀಡಿನಿಂದ ನಡೆಯುವಾಗ ಅವರು ಮೂರು ಕಡೆ ಕೂತರು. ಅವರಿಗೆ ಆಗಲೇ ಮಂಡಿ ನೋವು. ಹಳ್ಳಿ ತಲುಪಿದಾಗ ದೇವೀರಮ್ಮ ಜಗಲಿಯ ಮೇಲೆ ಇರಲಿಲ್ಲ. ನಲ್ಲಿಯ ಮುಂದೆ ಕುಕ್ಕರಗಾಲಲ್ಲಿ ಕೂತು ಪಾತ್ರೆ ಬೆಳಗುತ್ತಿದ್ದಳು. ನೀರು ಸುರಿಯುತ್ತಿತ್ತು.

"ನಿನ್ನೆ ಸಂಜೆ ಯಾರೋ ಇಬ್ರು ಬಂದು ಬಿಟ್ಟು ಹೋದ್ರು" ಎಂದಳು. "ಶುಕ್ರವಾರ ಕಳೆಯೋವರ್ಗೂ ಪೇಪರಿನೋರ್ಗೆ ಹೇಳ್ಬೇಡಿ ಅಂದ್ರು. ನಿನ್ ಕೈ ಮುರ್ದಿರೋದು ಅವ್ರಿಗೆ ಗೊತ್ತಿತ್ತು ಕಣವ್ವ. ಹೇಳೋಕೆ ನಾನೆಲ್ಲಿಗೆ ಹೋಗ್ಲಿ? ಬುಧವಾರ ನೀನೇ ಬತ್ತೀಯಲ್ಲ ಅಂತ ಸುಮ್ನಿದ್ದೆ."

ಸಿದ್ಧಲಿಂಗಪ್ಪನವರು ಮೆಟ್ಟಿಲ ಮೇಲೆ ಕೂತುಬಿಟ್ಟರು. ಕಚೇರಿಯಲ್ಲಿ ಗೌಸ್ ಸಾಹೇಬರು ಪುಟ ಕಟ್ಟುವ ಕಲ್ಲಿನ ಮೇಲೆ ಆ ಸಾಲು ಬಿಚ್ಚದೆ ಸಿದ್ಧವಾಗಿತ್ತು. ನಾವು ಬಾರದಿದ್ದರೆ ಅದು ಅಚ್ಚಾಗುತ್ತಿತ್ತು, ಶನಿವಾರ ಕಂಟ್ರಾಕ್ಟರನ ವಕೀಲರ ನೋಟಿಸು ಬರುತ್ತಿತ್ತು. ಅವರು ಎದ್ದು, ಬೊಗಸೆಯಲ್ಲಿ ನೀರು ಹಿಡಿದು ಮುಖ ತೊಳೆದುಕೊಂಡರು. ವಿಭೂತಿಯೆಲ್ಲ ಇಳಿದುಹೋಯಿತು. ವಿಭೂತಿಯಿಲ್ಲದ ಅವರ ಹಣೆಯನ್ನು ನಾನು ನೋಡಿದ್ದು ಅದೊಂದೇ ಸಲ.

ಆ ಶುಕ್ರವಾರ ಅದೇ ಮೂಲೆಯಲ್ಲಿ, ಅದೇ ಬ್ಲಾಕಿನ ಕೆಳಗೆ 'ಈ ವಾರ ನೀರು ಬಂದಿದೆ' ಎಂದು ಹಾಕಿದೆವು. ಅಲ್ಲಿಗೆ ಬಿಡಲಿಲ್ಲ. ಮುಂದಿನ ಬುಧವಾರವೂ ಹೋದೆ, ಅದರ ಮುಂದಿನದಕ್ಕೂ. ನಡುವೆ ಒಂದು ವಾರ ನೀರು ನಿಂತಿತು. ನಿಂತಿದೆ ಎಂದು ಹಾಕಿದೆವು. ಮೂರನೇ ದಿನಕ್ಕೆ ಮತ್ತೆ ಬಂತು. ದೇವೀರಮ್ಮನೇ ಒಂದು ದಿನ, "ಇನ್ನು ನೀನು ಬರ್ಬೇಡ ಕಣವ್ವ, ನಿಂತ್ರೆ ನಾವೇ ಗಲಾಟೆ ಮಾಡ್ತೀವಿ" ಎಂದ ಮೇಲೆ ಆ ಬ್ಲಾಕನ್ನು ತೆಗೆದೆವು.

ಕಂಪ್ಯೂಟರ್ ಬಂದದ್ದು ಆಮೇಲೆ. ಮೊಳೆಗಳನ್ನೆಲ್ಲ ಗುಜರಿಗೆ ಹಾಕಿದ ದಿನ ಗೌಸ್ ಸಾಹೇಬರು ಕೆಲಸಕ್ಕೆ ಬರಲಿಲ್ಲ. ಮಾರನೇ ದಿನ ಬಂದು, ಕೀಲಿಮಣೆಯ ಮುಂದೆ ಕೂತು, "ಇದರಲ್ಲಿ ಒತ್ತಕ್ಷರ ಎಲ್ಲಿದೆ?" ಎಂದರು. ಐವತ್ತೆಂಟರ ವಯಸ್ಸಿನಲ್ಲಿ ಮೂರು ತಿಂಗಳಲ್ಲಿ ಕಲಿತರು. ಒಂದು ವಾರ ಫಾಂಟು ಬದಲಾಯಿಸುವಾಗ ಒಂದು ಪುಟದ ಒತ್ತಕ್ಷರಗಳೆಲ್ಲ ಉದುರಿಹೋದವು. 'ಕಾಣೆಯಾಗಿದ್ದ ಕತ್ತೆ ಪತ್ತೆ' ಎಂಬ ಬಾಣಾವರದ ಸುದ್ದಿ 'ಕಾಣೆಯಾಗಿದ ಕತೆ ಪತೆ' ಎಂದು ಅಚ್ಚಾಯಿತು. ಕತ್ತೆಯ ಮಾಲೀಕರು ಬಂದು, "ನಮ್ ಕತ್ತೆ ಸಿಕ್ತು, ನಿಮ್ ಅಕ್ಷರ ಎಲ್ಲೋದ್ವು?" ಎಂದರು. ಗೌಸ್ ಸಾಹೇಬರು ಅವತ್ತು ನಕ್ಕಷ್ಟು ಯಾವತ್ತೂ ನಕ್ಕಿರಲಿಲ್ಲ.

ಸಿದ್ಧಲಿಂಗಪ್ಪನವರು ತೀರಿಕೊಂಡ ಮೇಲೆ ಮನೆಯವರು ಪತ್ರಿಕೆ ನಿಲ್ಲಿಸುವುದೆಂದು ತೀರ್ಮಾನಿಸಿದ್ದರು. ಹನ್ನೊಂದನೇ ದಿನದ ಕಾರ್ಯದ ಊಟ ಮುಗಿದ ಮೇಲೆ ಅವರ ಹೆಂಡತಿ ನನ್ನನ್ನು ಒಳಗೆ ಕರೆದು, "ನಿನಗೆ ಆಗುತ್ತೇನೇ?" ಎಂದು ಕೇಳಿದರು. ಆಗುತ್ತದೆ ಎಂದೆ. ಆಗುತ್ತದೋ ಇಲ್ಲವೋ ಗೊತ್ತಿರಲಿಲ್ಲ. ಆ ಶುಕ್ರವಾರದ ಪೇಪರ್ ಶುಕ್ರವಾರವೇ ಬಂತು, ಮುಂದಿನದೂ.

ನಿಲ್ಲುತ್ತದೆ ಎಂದು ನನಗೇ ಅನ್ನಿಸಿದ್ದು ಕೊರೊನಾ ಬಂದಾಗ. ನಮ್ಮ ಯಂತ್ರ ಮುದಿಯಾಗಿ ಎಷ್ಟೋ ವರ್ಷವಾಗಿತ್ತು, ಹಾಸನದಲ್ಲಿ ಅಚ್ಚು ಹಾಕಿಸುತ್ತಿದ್ದೆವು. ಲಾಕ್‌ಡೌನ್ ಬಂತು, ಆ ಪ್ರೆಸ್ ಮುಚ್ಚಿತು. ಅದೇ ವಾರ ನನ್ನ ಮೊಬೈಲಿಗೂ ಒಂದು ಧ್ವನಿ ಸಂದೇಶ ಬಂತು. ಬಾಣಾವರದ ರಂಗಸ್ವಾಮಿ ಎನ್ನುವವನು ರೈಲಿನಿಂದ ಕಾಯಿಲೆ ಹತ್ತಿಸಿಕೊಂಡು ಬಂದಿದ್ದಾನೆ, ಆಸ್ಪತ್ರೆಯಿಂದ ತಪ್ಪಿಸಿಕೊಂಡು ಮನೆಯಲ್ಲಿ ಅಡಗಿದ್ದಾನೆ, ಯಾರೂ ಆ ಬೀದಿಗೆ ಹೋಗಬೇಡಿ ಎಂದು. ಹೇಳಿದವರು ಯಾರೆಂದು ಇಲ್ಲ.

ರಂಗಸ್ವಾಮಿ ರೈಲಿನಲ್ಲಿ ಕಡಲೆಕಾಯಿ ಮಾರುವವನು. ನನ್ನ ಹತ್ತಿರ ಪತ್ರಕರ್ತರ ಪಾಸ್ ಇತ್ತು. ಹಾಲಿನ ವ್ಯಾನಿನಲ್ಲಿ ಬಾಣಾವರಕ್ಕೆ ಹೋದೆ. ಅವನ ಮನೆಯ ಬಾಗಿಲು ಮುಚ್ಚಿತ್ತು. ಒಳಗಿನಿಂದ ಕೆಮ್ಮು ಕೇಳುತ್ತಿತ್ತು. ಅವನ ಹೆಂಡತಿ ಗೌರಮ್ಮ ಕಿಟಕಿಯಿಂದ ಮಾತಾಡಿದಳು.

"ಇವ್ರಿಗೆ ಉಬ್ಬಸ ಅಮ್ಮ, ಹನ್ನೆರಡು ವರ್ಷದಿಂದ ಐತೆ. ಆಸ್ಪತ್ರೇಲಿ ಪರೀಕ್ಷೆನೂ ಮಾಡವ್ರೆ, ಏನೂ ಇಲ್ಲ ಅಂದವ್ರೆ. ಯಾರೂ ನಂಬಲ್ಲ. ರಾಗಿ ಮನೇಲೇ ಐತೆ, ಮಿಲ್ಲಿನೋರು ಬೀಸಿಕೊಡಲ್ಲ ಅಂತಾರೆ. ಎರಡು ದಿನದಿಂದ ಮಕ್ಕಳಿಗೆ ಬರೀ ಅನ್ನದ ಗಂಜಿ."

ಆಶಾ ಕಾರ್ಯಕರ್ತೆಯನ್ನು ಕಂಡೆ. ಪರೀಕ್ಷೆ ಮಾಡಿದ ವೈದ್ಯರನ್ನು ಕಂಡೆ. ಗೌರಮ್ಮ ಹೇಳಿದ್ದು ಅಕ್ಷರಶಃ ನಿಜ. ವಾಪಸು ಹೋಗಿ ಕಿಟಕಿಯಲ್ಲಿ ನಿಂತು ರಂಗಸ್ವಾಮಿಯನ್ನೇ ಕೇಳಿದೆ. ನಿನ್ನ ಕಾಯಿಲೆಯ ವಿಷಯ ಬರೆಯಬಹುದೇ ಎಂದು. ಉಸಿರೆಳೆದುಕೊಳ್ಳುತ್ತ, "ಬರೀರಿ ಅಮ್ಮ. ನನ್ ಹೆಸ್ರು ಹಾಕೇ ಬರೀರಿ" ಎಂದ.

ಬರೆದು ಎಲ್ಲಿ ಅಚ್ಚು ಹಾಕಿಸುವುದು? ಮನೆಗೆ ಬಂದು, ದೊಡ್ಡ ಡ್ರಾಯಿಂಗ್ ಹಾಳೆಗಳನ್ನು ಊಟದ ಮೇಜಿನ ಮೇಲೆ ಹರಡಿಕೊಂಡು, ಕೈಯಲ್ಲೇ ಬರೆದೆ. ಅಪ್ಪ ಅಂದು ಹೊಗಳಿದ ಕಾಗುಣಿತ. ಮೇಲೆ ಪತ್ರಿಕೆಯ ಪೂರ್ತಿ ಹೆಸರು, ನಡುವೆ ಸುದ್ದಿ, ಕೆಳಗೆ ನನ್ನ ಹೆಸರು ಮತ್ತು ಫೋನ್ ನಂಬರು. ಶುಕ್ರವಾರ ಬೆಳಿಗ್ಗೆ ಬಾಣಾವರದಲ್ಲಿ ಹಾಲಿನ ಡೇರಿ, ಔಷಧಿ ಅಂಗಡಿ, ರೇಷನ್ ಅಂಗಡಿ, ರೈಲ್ವೆ ಸ್ಟೇಷನ್ ಎದುರಿನ ಗೋಡೆ, ಆ ಬೀದಿಯ ತಿರುವು, ಎಲ್ಲ ಕಡೆ ಅಂಟಿಸಿ, ಕೊನೆಯದನ್ನು ಮಿಲ್ಲಿನ ಬಾಗಿಲಿಗೆ ಅಂಟಿಸಿದೆ.

ಮಿಲ್ಲಿನ ಮಲ್ಲಣ್ಣ ಹೊರಗೆ ಬಂದು ಕನ್ನಡಕ ಹಾಕಿಕೊಂಡು ಮೇಲಿನಿಂದ ಕೆಳಗಿನವರೆಗೆ ಓದಿದರು. ಸರದಿಯಲ್ಲಿ ನಿಂತಿದ್ದವರೂ ಒಬ್ಬೊಬ್ಬರಾಗಿ ಬಂದು ಓದಿದರು. ಸರದಿಯ ಕೊನೆಗೆ, ಎಲ್ಲರಿಂದ ಹತ್ತು ಮಾರು ದೂರದಲ್ಲಿ, ಗೌರಮ್ಮ ರಾಗಿಯ ಡಬ್ಬ ಸೊಂಟಕ್ಕೆ ಇಟ್ಟುಕೊಂಡು ನಿಂತಿದ್ದಳು. ಮಲ್ಲಣ್ಣ ಕನ್ನಡಕ ತೆಗೆದು ಜೇಬಿಗೆ ಹಾಕಿಕೊಂಡರು.

"ಗೌರಮ್ಮ, ಮುಂದಕ್ಕೆ ಬಾ. ನಿಂದು ಮೊದಲು ಹಾಕ್ತೀನಿ, ಮಕ್ಕಳು ಕಾಯ್ತಿರ್ತಾವೆ."

ಸರದಿಯಲ್ಲಿದ್ದವರು ಜಾಗ ಬಿಟ್ಟರು. ಮಿಲ್ಲು ಶುರುವಾಯಿತು. ಆ ವಾರದ ನಮ್ಮ ಪತ್ರಿಕೆಯ ಒಟ್ಟು ಪ್ರತಿಗಳು ಆರು, ಆರೂ ಗೋಡೆಯ ಮೇಲೆ. ಆದರೆ ಪ್ರತಿಯೊಂದರ ಬಲತುದಿಯಲ್ಲಿ, ಹಿಂದಿನ ವಾರದ ಸಂಖ್ಯೆಗೆ ಒಂದು ಕೂಡಿಸಿ, ಸಂಚಿಕೆಯ ಸಂಖ್ಯೆ ಬರೆದಿದ್ದೆ. ಪ್ರೆಸ್ ತೆರೆಯುವವರೆಗೂ ಪ್ರತಿ ಶುಕ್ರವಾರ ಹೀಗೇ ಕೈಯಲ್ಲಿ ಬರೆದು ಅಂಟಿಸಿದೆ. ಆಮೇಲೆ ಅಚ್ಚಾದ ಪೇಪರಿನಲ್ಲಿ ಲೆಕ್ಕ ಅದರ ಮುಂದಿನಿಂದಲೇ ಶುರುವಾಯಿತು. ಬೇಕಾದರೆ ಕಡತ ತೆಗೆದು ನೋಡಿ. ಒಂದು ವಾರವೂ ಬಿಟ್ಟಿಲ್ಲ.